ಶೇಖರ್ ಮಾಮ ಹೇಳಿದ ಅಪ್ಪನ ಮಾತು

ಕಲ್ಕತ್ತೆಯ ಬಾರಾನಗರದಲ್ಲಿ ನಾವಿದ್ದ ಬಾಡಿಗೆ ಮನೆಯಲ್ಲಿ ಎರಡು ಕೋಣೆ, ಒಬ್ಬರು ಒಳಗೆ ಹೋದರೆ ಇನ್ನೊಬ್ಬರು ಹೊರಗೆ ಬರಬೇಕಾದಷ್ಟು ಇಕ್ಕಟ್ಟಾದ ಅಡುಗೆಮನೆ, ಮತ್ತು ಶೇಖರ್ ಮಾಮನ ಕುರ್ಚಿ ಇದ್ದವು. ಕುರ್ಚಿಯೇನೋ ನಮ್ಮದೇ. ಬೆತ್ತದ ಆ ಕುರ್ಚಿಯನ್ನು ಅಪ್ಪ ಹಳೇ ಸಾಮಾನಿನ ಅಂಗಡಿಯಿಂದ ತಲೆಯ ಮೇಲೆ ಹೊತ್ತು ತಂದಿದ್ದ. ಆದರೆ ನಾನು ಅದರಲ್ಲಿ ಕೂತರೆ ಅವ್ವನ ಕಣ್ಣು ಕೆಂಪಾಗುತ್ತಿತ್ತು. ಭಾನುವಾರ ಮಧ್ಯಾಹ್ನ ಮಾಮ ಊಟಕ್ಕೆ ಬರುವವರೆಗೆ ಅದರ ಮೇಲೆ ಒಗೆದ ಟವೆಲ್ ಹಾಸಿರುತ್ತಿತ್ತು, ದೇವರು ಬರುವ ಹಾಗೆ. ಕಿಟಕಿಯ ಸರಳಿಗೆ ಅಪ್ಪನ ಬೂಟುಗಳು ಲೇಸಿನಿಂದ ನೇತಾಡುತ್ತಿದ್ದವು. ಮಳೆಗಾಲದಲ್ಲಿ ಅವು ಒಣಗುತ್ತಲೇ ಇರಲಿಲ್ಲ, ಇಡೀ ಮನೆ ಒದ್ದೆ ಚರ್ಮದ ವಾಸನೆ ಹೊಡೆಯುತ್ತಿತ್ತು. ಎದುರಿನ ಮೂಲೆಯಲ್ಲಿ ಹಿತ್ತಾಳೆಯ ತಟ್ಟೆಯೊಳಗೆ ಒಂದು ತೆಂಗಿನಕಾಯಿ. ಅದು ನಮ್ಮ ಹಿರಿಯರು. ಮದುವೆಯಾಗಿ ಬರುವಾಗ ಅವ್ವ ಅದನ್ನು ಸೀರೆಯಲ್ಲಿ ಸುತ್ತಿ, ಹಳಿಯಾಳದ ಕಡೆಯಿಂದ ಹೌರಾದವರೆಗೂ ಮಡಿಲಿನಿಂದ ಇಳಿಸದೆ ತಂದಿದ್ದಳಂತೆ. ಅಡುಗೆ ಏನೇ ಆಗಲಿ ಮೊದಲ ತುತ್ತು ಹಿರಿಯರಿಗೆ, ಆಮೇಲೆ ಮನೆಗೆ ಬಂದವರಿಗೆ, ಕೊನೆಗೆ ನಮಗೆ.

ನಾವು ಸಿದ್ದಿಗಳು. ನಮ್ಮ ಹಿರಿಯರನ್ನು ಯಾವುದೋ ಕಾಲದಲ್ಲಿ ಆಫ್ರಿಕಾದಿಂದ ಹಿಡಿದು ಹಡಗಿನಲ್ಲಿ ತಂದರಂತೆ. ಅಲ್ಲಿನ ಯಾವ ಊರು, ಯಾವ ನದಿ ಎಂದು ಕೇಳಿದರೆ ನಮ್ಮಲ್ಲಿ ಯಾರಿಗೂ ಗೊತ್ತಿಲ್ಲ. ನಮಗೆ ಗೊತ್ತಿರುವುದು ಹಳಿಯಾಳದ ಕಾಡು, ಅಲ್ಲಿನ ಜೇನು, ಅಲ್ಲಿನ ಕನ್ನಡ. ಆದರೆ ಇದನ್ನು ಬಾರಾನಗರದ ಮೀನು ಮಾರುಕಟ್ಟೆಗೆ ತಿಳಿಸಿ ಹೇಳುವುದು ಹೇಗೆ? ನಮ್ಮ ಬಣ್ಣ ಮತ್ತು ಗುಂಗುರು ಕೂದಲು ನೋಡಿದ ಕೂಡಲೇ ಮೀನಿನವನು ಅವ್ವನ ಜೊತೆ ಇಂಗ್ಲಿಷ್ ಶುರು ಮಾಡುತ್ತಿದ್ದ. ಅವ್ವ ಅಪ್ಪಟ ಬಂಗಾಳಿಯಲ್ಲಿ ಚೌಕಾಸಿಗಿಳಿದರೆ ಅವನ ಕೈಯಲ್ಲಿದ್ದ ಮೀನು ಜಾರುವುದೊಂದು ಬಾಕಿ. ಅವ್ವನಿಗೆ ಇದು ತಮಾಷೆ, ಮನೆಗೆ ಬಂದು ಅವನ ಮುಖವನ್ನು ನಟಿಸಿ ತೋರಿಸುತ್ತಿದ್ದಳು. ಅಪ್ಪನಿಗೆ ತಮಾಷೆಯಾಗಿರಲಿಲ್ಲ. ಇಡೀ ಪಾರಾದಲ್ಲಿ, ಎಂದರೆ ನಮ್ಮ ಓಣಿಕೇರಿಯಲ್ಲಿ, ಅವನ ಹೆಸರೇ ‘ನೈಜೀರಿಯಾ’ ಆಗಿತ್ತು. ಯಾರಾದರೂ ಹಾಗೆ ಕರೆದರೆ ನಿಂತು, “ನಾನು ಭಾಸ್ಕರ ಸಿದ್ದಿ, ಕರ್ನಾಟಕ,” ಎಂದು ಹೇಳಿಯೇ ಮುಂದೆ ಹೋಗುತ್ತಿದ್ದ. ತರಕಾರಿ ಚೀಲ ಹೊತ್ತುಕೊಂಡು ಬಿಸಿಲಿನಲ್ಲಿ ನಿಂತು ಇದನ್ನು ಹೇಳುತ್ತಿದ್ದ ಅಪ್ಪನ ಪಕ್ಕದಲ್ಲಿ ನಿಂತಾಗ ನನಗೆ ಎಲ್ಲಿಲ್ಲದ ಸಿಟ್ಟು ಬರುತ್ತಿತ್ತು, ಕರೆದವರ ಮೇಲೋ ಅಪ್ಪನ ಮೇಲೋ ತಿಳಿಯುತ್ತಿರಲಿಲ್ಲ.

ಅಪ್ಪನಿಗೆ ಕ್ರೀಡಾ ಕೋಟಾದಲ್ಲಿ ಒಂದು ಸರ್ಕಾರಿ ಕಚೇರಿಯ ಕೆಲಸ ಸಿಕ್ಕಿತ್ತು. ಕಚೇರಿಯ ತಂಡ ಕಲ್ಕತ್ತೆಯ ಫುಟ್‌ಬಾಲ್ ಲೀಗಿನಲ್ಲಿ ಆಡುತ್ತಿತ್ತು, ಅಪ್ಪ ಅದರ ಬಲಬದಿಯ ಆಟಗಾರ. ಶೇಖರ್ ಮಾಮ ಅದೇ ಕಚೇರಿಯ ಅಧಿಕಾರಿ, ತಂಡದ ಮ್ಯಾನೇಜರ್, ಮೈಸೂರಿನವರು. ಅಪ್ಪನಿಗೆ ಅವರ ಮೇಲಿದ್ದ ಭಕ್ತಿ ಹುಟ್ಟಿದ್ದು ಒಂದು ರಾಜ್ಯೋತ್ಸವದ ದಿನ. ಊರಿನ ಕನ್ನಡಿಗರೆಲ್ಲ ಸೇರಿ ಸಭಾಂಗಣದಲ್ಲಿ ಕಾರ್ಯಕ್ರಮ ಇಟ್ಟುಕೊಂಡಿದ್ದರು. ಬಾಗಿಲಲ್ಲಿ ನಿಂತಿದ್ದ ಸ್ವಯಂಸೇವಕ ನಮ್ಮನ್ನು ತಡೆದು, ಇದು ಕನ್ನಡದವರ ಸಭೆ ಎಂದು ಇಂಗ್ಲಿಷಿನಲ್ಲಿ ತಿಳಿಸಿದ. ಅಪ್ಪ ಕನ್ನಡದಲ್ಲಿ ಉತ್ತರ ಕೊಟ್ಟರೂ ಅವನಿಗೆ ಕಿವಿಗಿಂತ ಕಣ್ಣಿನ ಮೇಲೇ ಹೆಚ್ಚು ನಂಬಿಕೆ. ಆಗ ಒಳಗಿನಿಂದ ಬಂದ ಶೇಖರ್ ಮಾಮ ಅಪ್ಪನ ಕೈ ಹಿಡಿದು, “ಇವನು ನಮ್ಮವನು ಕಣಯ್ಯಾ,” ಎನ್ನುತ್ತಾ ಮೊದಲ ಸಾಲಿನಲ್ಲಿ ಕೂರಿಸಿದರು. ಮನೆಗೆ ಬರುವ ಬಸ್ಸಿನಲ್ಲಿ ಅಪ್ಪ ಆ ಮಾತನ್ನು ಅವ್ವನಿಗೆ ಮತ್ತೆ ಮತ್ತೆ ಹೇಳಿದ, ಅವ್ವ ಅಲ್ಲೇ ಇದ್ದು ಕೇಳಿಸಿಕೊಂಡಿದ್ದರೂ. ಮುಂದಿನ ಭಾನುವಾರ ಮಾಮ ನಮ್ಮಲ್ಲಿ ಉಂಡರು, ಆಮೇಲೆ ಪ್ರತಿ ಭಾನುವಾರ. ಅವ್ವನ ಹುಳಿಮೀನು ಉಂಡು ಬೆರಳು ನೆಕ್ಕುತ್ತಿದ್ದರು. ನನ್ನ ಅರೆಬರೆ ಕನ್ನಡ ಕೇಳಿ ನಗುತ್ತಿದ್ದರು. ನನಗೆ ಕನ್ನಡ ಪೂರ್ತಿ ಅರ್ಥವಾಗುತ್ತಿತ್ತು, ಮಾತಾಡಲು ಹೋದರೆ ಹಿಂದಿ, ಬಂಗಾಳಿ, ಇಂಗ್ಲಿಷ್ ಎಲ್ಲ ಒಟ್ಟಿಗೆ ನುಗ್ಗುತ್ತಿದ್ದವು. ಈಗ ನಾನು ಬರೆಯುತ್ತಿರುವ ಕನ್ನಡ ದೊಡ್ಡವಳಾದ ಮೇಲೆ ಹಟ ಹಿಡಿದು ಓದಿ ಕಲಿತದ್ದು.

ಈಚೆಗೆ ಕೆಲವು ಪತ್ರಕರ್ತ ಹುಡುಗ ಹುಡುಗಿಯರು ನನ್ನನ್ನು ಹುಡುಕಿಕೊಂಡು ಬರುತ್ತಾರೆ. ಬಣ್ಣದ ಹೆಸರಿನಲ್ಲಿ ಬೈದದ್ದಕ್ಕೆ ಆಟವನ್ನೇ ನಿಲ್ಲಿಸಿದ ಮೊದಲನೆಯವನು ನಿಮ್ಮಪ್ಪನಂತೆ, ಆ ಪಂದ್ಯದ ಬಗ್ಗೆ ಹೇಳಿ ಎನ್ನುತ್ತಾರೆ. ಮೊದಲನೆಯವನೋ ಅಲ್ಲವೋ ನಾನರಿಯೆ. ನಾನು ಆ ಪಂದ್ಯವನ್ನೇ ನೋಡಿಲ್ಲ ಎಂದರೆ ಅವರ ಮುಖ ಸಣ್ಣದಾಗುತ್ತದೆ. ಅಂದು ಅಪ್ಪನ ತಂಡದ ಎದುರಿಗೆ ಆಡಿದ್ದು ಒಂದು ದೊಡ್ಡ ಕ್ಲಬ್ಬು. ಆ ವರ್ಷ ಅದರ ಪೋಷಕರಾಗಿ ಬಂದವರು ಸೆಕ್ಟರ್ ಫೈವಿನಲ್ಲಿ ಗಾಜಿನ ಕಟ್ಟಡ ಕಟ್ಟಿಸಿದ್ದ ಒಬ್ಬ ಸಾಫ್ಟ್‌ವೇರ್ ಧಣಿ, ಆಟಗಾರರ ಎದೆಯ ಮೇಲೆ ಅವರ ಕಂಪನಿಯ ಹೆಸರು. ಅಪ್ಪನ ಕಾಲಿಗೆ ಚೆಂಡು ಬಂದಾಗೆಲ್ಲ ಗ್ಯಾಲರಿಯಿಂದ ಮಂಗನ ಕೂಗು ಬಂತು, ಬಾಳೆಹಣ್ಣಿನ ಸಿಪ್ಪೆ ಬಿತ್ತು. ಅವರ ಡಿಫೆಂಡರ್ ಒಬ್ಬ ಕಿವಿಯ ಹತ್ತಿರ ಬಂದು ಹೇಳಬಾರದ್ದನ್ನು ಹೇಳಿದ. ಅಪ್ಪ ರೆಫರಿಗೆ ದೂರು ಕೊಟ್ಟ. ರೆಫರಿ ನಕ್ಕು, ಆಡು ಎಂದು ಕೈ ಬೀಸಿದ. ಆಗ ಅಪ್ಪ ಚೆಂಡನ್ನು ಕಂಕುಳಲ್ಲಿ ಇಟ್ಟುಕೊಂಡು ಮೈದಾನದ ನಡುವಿಗೆ ನಡೆದು, ಅದರ ಮೇಲೆ ಕೂತುಬಿಟ್ಟ. ಎಬ್ಬಿಸಲು ಬಂದವರಿಗೆಲ್ಲ, ಕೂಗು ನಿಂತರೆ ಏಳುತ್ತೇನೆ ಎಂದ. ಕೂಗು ನಿಲ್ಲಲಿಲ್ಲ, ಪಂದ್ಯ ನಿಂತಿತು. ತಪ್ಪು ಅಪ್ಪನ ತಲೆಗೆ ಬಂತು, ಲೀಗಿನ ಸಮಿತಿ ವಿಚಾರಣೆಗೆ ಕರೆಯಿತು. ಹುಡುಗರಿಗೆ ಬೇಕಾದದ್ದು ಇಷ್ಟೇ, ಇದನ್ನು ಅವರೇ ನನಗಿಂತ ಚೆನ್ನಾಗಿ ಬಲ್ಲರು. ನಾನು ಹೇಳಬಲ್ಲದ್ದು ಆಮೇಲೆ ಮನೆಯಲ್ಲಿ ನಡೆದದ್ದು.

ಮ್ಯಾನೇಜರ್ ಆದ್ದರಿಂದ ಶೇಖರ್ ಮಾಮ ಅಂದು ಗೆರೆಯ ಪಕ್ಕದ ಬೆಂಚಿನಲ್ಲೇ ಇದ್ದರು, ಎಲ್ಲ ಕೇಳಿಸಿಕೊಂಡಿದ್ದರು. ಆ ಭಾನುವಾರ ಊಟಕ್ಕೆ ಕೂರುವ ಮೊದಲು ತಾವಾಗಿಯೇ ಹಿರಿಯರ ಮೂಲೆಗೆ ಹೋಗಿ ತೆಂಗಿನಕಾಯಿಯ ಮೇಲೆ ಕೈ ಇಟ್ಟರು.

“ಕೇಳಿದ್ದನ್ನ ಕೇಳಿದ ಹಾಗೇ ಹೇಳ್ತೀನಿ ಭಾಸ್ಕರ. ನೀನು ಹಿಂದಿಯಲ್ಲಿ ಒದ್ದಾಡಬೇಡ. ಕನ್ನಡದಲ್ಲೇ ಮನಸ್ಸು ಬಿಚ್ಚಿ ಹೇಳು, ನಾನು ಇಂಗ್ಲಿಷಿನಲ್ಲಿ ಅವರಿಗೆ ತಿಳಿಸ್ತೀನಿ.”

ನಮ್ಮ ಮನೆಯಲ್ಲಿ ಒಂದು ಪದ್ಧತಿ ಇತ್ತು. ಹಿರಿಯರ ಮುಂದೆ ಕೊಟ್ಟ ಮಾತನ್ನು ಮತ್ತೆ ಕೇಳಬಾರದು, ಅದಕ್ಕೆ ಇನ್ನೊಂದು ಸಾಕ್ಷಿ ಹುಡುಕಬಾರದು. ಹಾಗೆ ಮಾಡಿದರೆ ಹಿರಿಯರನ್ನೇ ನಂಬಲಿಲ್ಲವೆಂದು ಅರ್ಥ. ಅಪ್ಪ ಅಂದು ಕಣ್ಣು ತುಂಬಿಕೊಂಡು ಮಾಮನ ತಟ್ಟೆಗೆ ತಾನೇ ಬಡಿಸಿದ.

ಅದೇ ವಾರ ಒಂದು ಸಂಜೆ ಜೋಸೆಫ್ ಅಂಕಲ್ ಬಂದ. ಅವನು ನಿಜವಾಗಿಯೂ ನೈಜೀರಿಯಾದವನು, ಆ ದೊಡ್ಡ ಕ್ಲಬ್ಬಿನ ಆಟಗಾರ, ನಮ್ಮ ಹಿಂದಿನ ಗಲ್ಲಿಯಲ್ಲಿ ಕೋಣೆ ಮಾಡಿಕೊಂಡಿದ್ದ. ಅವ್ವನ ಮೆಣಸಿನಕಾಯಿ ಚಟ್ನಿಯ ಆಸೆಗೆ ಆಗಾಗ ಬರುತ್ತಿದ್ದ. ಅಪ್ಪ ಅವನ ಜೊತೆ ಬೀದಿಯಲ್ಲಿ ನಡೆಯಲು ಮಾತ್ರ ಹಿಂಜರಿಯುತ್ತಿದ್ದ, ಇಬ್ಬರನ್ನೂ ಒಟ್ಟಿಗೆ ನೋಡಿದರೆ ‘ನೈಜೀರಿಯಾ’ ಎಂಬ ಹೆಸರು ಇನ್ನೂ ಗಟ್ಟಿಯಾಗುತ್ತದೆಂದು. ಅಂದು ಜೋಸೆಫ್ ಬೂಟು ಬಿಚ್ಚಿ ಒಳಗೆ ಬಂದು, ಕುರ್ಚಿ ಖಾಲಿ ಇದ್ದರೂ ನೆಲದ ಮೇಲೇ ಕೂತು, ತನ್ನ ಇಂಗ್ಲಿಷಿನಲ್ಲಿ ನಿಧಾನವಾಗಿ ಹೇಳಿದ. ತನ್ನ ತಂಡದವನು ಏನೆಂದನೆಂದು ತಾನು ಪಕ್ಕದಲ್ಲೇ ನಿಂತು ಕೇಳಿದ್ದೇನೆ, ಸಮಿತಿಯ ಮುಂದೆ ಬಂದು ಹೇಳುತ್ತೇನೆ ಎಂದ. ಕ್ಲಬ್ಬಿನವರು ನಿನ್ನನ್ನು ತೆಗೆದುಹಾಕಿದರೆ ಎಂದು ಅಪ್ಪ ಕೇಳಿದ್ದಕ್ಕೆ ಭುಜ ಹಾರಿಸಿದ. ಅಪ್ಪ ಅವನ ಕೈ ಹಿಡಿದು, ಬೇಡ ಬ್ರದರ್, ನಮ್ಮವರೊಬ್ಬರು ಮಾತು ಕೊಟ್ಟಿದ್ದಾರೆ ಎಂದ. ಅವನು ಮೆಟ್ಟಿಲಿಳಿದು ಹೋದ ಮೇಲೆ ಅವ್ವ ರೊಟ್ಟಿ ಬಡಿಯುವುದನ್ನು ಅರ್ಧಕ್ಕೇ ಬಿಟ್ಟು ಹೊರಗೆ ಬಂದಳು. ಅವರಿಬ್ಬರೂ ಅಷ್ಟು ಜೋರಾಗಿ ಜಗಳವಾಡಿದ್ದನ್ನು ನಾನು ಅದುವರೆಗೆ ನೋಡಿರಲಿಲ್ಲ.

“ತಾನಾಗೇ ಬಂದ ಮನಶ್ಯಾನ್ನ ಬ್ಯಾಡಂತ ಕಳಿಸ್ತೀರಲ್ಲ. ಒಬ್ಬರಿಗಿಂತ ಇಬ್ಬರು ಹೇಳಿದ್ರ ಏನು ಕಡಿಮಿ ಆಗ್ತದ?”

“ಶೇಖರ್ ಸಾಹೇಬರು ಹಿರ್ಯಾರ ಮ್ಯಾಲ ಕೈ ಇಟ್ಟಾರ. ಮತ್ತೊಬ್ಬನ್ನ ಕರಕೊಂಡು ಹೋದ್ರ ಅವರಿಗೆ ಹೆಂಗ ಅನಸ್ತದ?”

“ಹಿರ್ಯಾರು ನಮ್ಮೋರು. ಸಾಹೇಬ್ರಿಗೆ ಅವರು ಏನಾಗಬೇಕು?”

“ಆತನೂ ನಮ್ಮೋನ,” ಎಂದ ಅಪ್ಪ. “ಜೋಸೆಫ ಬಂದು ನಿಂತ ಅಂದ್ರ, ಇವರೆಲ್ಲ ಒಂದ ದೇಶದೋರು ಅಂತ ಆಕ್ಕೈತಿ. ನಾ ಇಲ್ಲಿಯವ ಅಂತ ಹೇಳಬೇಕಾಗೇತಿ.”

ವಿಚಾರಣೆ ನಡೆದದ್ದು ಮೈದಾನದ ಅಂಚಿನಲ್ಲಿದ್ದ ಒಂದು ಕ್ಲಬ್ಬಿನ ಟೆಂಟಿನಲ್ಲಿ. ಹೆಸರಿಗೆ ಟೆಂಟು, ನಿಜಕ್ಕೆ ತಗಡಿನ ಮಾಡು, ಮರದ ಗೋಡೆಯ ಕಟ್ಟಡ. ಶಾಲೆಗೆ ರಜೆ ಇದ್ದು, ಅವ್ವನಿಗೆ ಜ್ವರ ಬಂದಿದ್ದರಿಂದ ಅಪ್ಪ ನನ್ನನ್ನೂ ಕರೆದುಕೊಂಡು ಹೋಗಿದ್ದ. ಮದುವೆಗೆ ಹೊಲಿಸಿದ್ದ ಬಿಳಿ ಅಂಗಿ ಹಾಕಿಕೊಂಡಿದ್ದ. ನನಗೆ ಕ್ಯಾಂಟೀನಿನ ಸ್ಟ್ಯೂ, ಟೋಸ್ಟು ಕೊಡಿಸಿ ಬಾಗಿಲ ಬಳಿಯ ಬೆಂಚಿನಲ್ಲಿ ಕೂರಿಸಿದ. ಕರೆಂಟು ಹೋಗಿ ಒಳಗೆ ಸೆಕೆಯಾದ್ದರಿಂದ ಬಾಗಿಲು ತೆರೆದೇ ಇತ್ತು. ಉದ್ದನೆಯ ಮೇಜಿನ ಆಚೆ ಸಮಿತಿಯವರು, ಈಚೆ ಅಪ್ಪ ಮತ್ತು ಶೇಖರ್ ಮಾಮ. ಅಪ್ಪ ಎದ್ದು ನಿಂತು ಹೇಳಿದ. ಅಷ್ಟು ತಡವರಿಸದೆ ಅವನು ಮಾತಾಡಿದ್ದನ್ನು ನಾನು ಹೊರಗೆಲ್ಲೂ ಕೇಳಿರಲಿಲ್ಲ.

“ನಾ ಚೆಂಡು ಮುಟ್ಟಿದಾಗೆಲ್ಲ ಮಂಗ್ಯಾನ ಹಂಗ ಕೂಗಿದ್ರು. ಸಿಪ್ಪಿ ಒಗದ್ರು. ಅವರ ಆಟಗಾರ ಕಿವ್ಯಾಗ ಬಂದು, ಕರೀ ಮಂಗ್ಯಾ, ನಿನ್ನ ಕಾಡಿಗೆ ಹೋಗು ಅಂದ. ರೆಫ್ರಿಗೆ ಹೇಳಿದೆ, ಅವ ನಕ್ಕ. ಅದಕ್ಕ ಕುಂತೆ. ಸಿಟ್ಟಿನ ಕೈಯಾಗ ಬುದ್ಧಿ ಕೊಟ್ಟು ಕುಂತಿಲ್ಲ. ಇದು ಇಲ್ಲಿಗೆ ನಿಲ್ಲಬೇಕು ಅಂತ ತಿಳದ ಕುಂತೆ. ನಾಳೆ ಹಿಂಗ ಆದ್ರ ನಾಳೇನೂ ಕುಂದ್ರತೇನಿ.”

ನನ್ನ ಬಾಯಲ್ಲಿದ್ದ ಟೋಸ್ಟು ಹಾಗೇ ಉಳಿಯಿತು. ಹೆಮ್ಮೆಯಿಂದ ನನ್ನ ಹೊಟ್ಟೆ ತುಂಬಿಹೋಗಿತ್ತು. ಆಮೇಲೆ ಶೇಖರ್ ಮಾಮ ಎದ್ದು, ಕನ್ನಡಕ ಸರಿಪಡಿಸಿಕೊಂಡು, ಒಳ್ಳೆಯ ಇಂಗ್ಲಿಷಿನಲ್ಲಿ ಅಪ್ಪನ ಮಾತನ್ನು ಸಮಿತಿಗೆ ಹೇಳಿದರು. ಅಂದು ಗ್ಯಾಲರಿಯಲ್ಲಿ ಗಲಾಟೆ ಜಾಸ್ತಿ ಇತ್ತು ಎಂದು ಈತ ಹೇಳುತ್ತಾನೆ. ಬಿಸಿಲಿಗೆ ತಲೆ ಕೆಟ್ಟಂತಾಗಿ, ಆಟಗಾರನೊಬ್ಬನ ಜೊತೆ ಸಣ್ಣ ಮಾತುಕತೆಯಾಗಿ, ಸಿಟ್ಟಿನಲ್ಲಿ ಏನು ಮಾಡುತ್ತಿದ್ದೇನೆಂದು ತಿಳಿಯದೆ ಕೂತುಬಿಟ್ಟನಂತೆ. ಈಗ ಪಶ್ಚಾತ್ತಾಪಪಡುತ್ತಿದ್ದಾನೆ, ಇನ್ನು ಮುಂದೆ ಹೀಗೆ ಮಾಡುವುದಿಲ್ಲ. ನೀವೇನಾದರೂ ಕೇಳಿಸಿಕೊಂಡಿರಾ ಎಂದು ಸಮಿತಿಯ ಅಧ್ಯಕ್ಷರು ಮಾಮನನ್ನೇ ಕೇಳಿದರು. ಮೈದಾನದಲ್ಲಿ ಯಾವಾಗಲೂ ಇರುವ ಗದ್ದಲವೇ ಸರ್, ಬೇರೇನೂ ಇಲ್ಲ ಎಂದರು ಮಾಮ. ಆ ಕೋಣೆಯಲ್ಲಿ ಕನ್ನಡ, ಇಂಗ್ಲಿಷ್ ಎರಡೂ ಗೊತ್ತಿದ್ದವರು ಮಾಮ ಮತ್ತು ನಾನು ಇಬ್ಬರೇ ಎಂದು ಆಗ ನಾನು ತಿಳಿದಿದ್ದೆ. ತಟ್ಟೆಯನ್ನು ಬೆಂಚಿನ ಮೇಲೆ ಹಾಕಿ ಒಳಗೆ ಓಡಿದೆ.

“ಅಪ್ಪ ಸಾರಿ ಬೋಲಾ ನಹೀ! ಮಾಮ ರಾಂಗ್ ಹೇಳ್ತಿದಾರೆ, ಸಬ್ ಉಲ್ಟಾ! ಅಪ್ಪಾ, ಮಾಮ ನಿನ್ನ ಮಾತು ಹೇಳಿಲ್ಲ!”

ಅಪ್ಪ ನನ್ನ ಕಡೆ ತಿರುಗಿದ.

“ಸುಜಾ, ಬಾಯಿ ಮುಚ್ಚು. ಹೊರಗ ಹೋಗು.”

ಅಪ್ಪ ನನಗೆ ಹಾಗೆ ಎಂದೂ ಹೇಳಿದವನಲ್ಲ. ಸಮಿತಿಯವರು ನಕ್ಕರು, ಒಬ್ಬರು ತಮ್ಮ ಚಹಾದ ಬಿಸ್ಕತ್ತನ್ನು ನನ್ನ ಕೈಯಲ್ಲಿಟ್ಟು ಹೊರಗೆ ಕಳಿಸಿದರು. ತಪ್ಪೊಪ್ಪಿಕೊಂಡಿದ್ದಾನೆಂದು ಕರುಣೆ ತೋರಿ ಅಪ್ಪನನ್ನು ಆ ಸೀಸನ್ನಿನ ಕೊನೆಯವರೆಗೆ ಮಾತ್ರ ಆಟದಿಂದ ಹೊರಗಿಟ್ಟರು. ಆ ಕ್ಲಬ್ಬಿಗೂ ಇಲ್ಲ, ಆ ಡಿಫೆಂಡರಿಗೂ ಇಲ್ಲ, ಒಂದು ಮಾತಿಲ್ಲ. ಮನೆಗೆ ಹೋಗುವ ದಾರಿಯುದ್ದಕ್ಕೂ ನಾನು ಅಪ್ಪನ ಬಿಳಿ ಅಂಗಿ ಎಳೆದೆಳೆದು ಮಾಮ ಹೇಳಿದ್ದನ್ನೆಲ್ಲ ಹೇಳಿದೆ. ಅಪ್ಪ ಬಸ್ಸಿನ ಕಿಟಕಿಯಿಂದ ಹೊರಗೆ ನೋಡುತ್ತಾ, ಮಾಮ ಅಂಥವರಲ್ಲ, ನೀನು ಸಣ್ಣಾಕಿ, ನಿನಗ ತಿಳಿಯಂಗಿಲ್ಲ ಎಂದ. ಅವ್ವ ಜ್ವರದಲ್ಲೂ ಎದ್ದು ಕೂತು ನನ್ನ ಮಾತನ್ನು ಪೂರ್ತಿ ಕೇಳಿದಳು.

ಸಿದ್ದಿ ಕ್ಷಮೆ ಕೇಳಿದ ಎಂಬ ಸುದ್ದಿ ಎರಡು ದಿನದೊಳಗೆ ಎಲ್ಲ ಕಡೆ ಹಬ್ಬಿತು. ಜೋಸೆಫ್ ಬಂದ, ಬೂಟು ಬಿಚ್ಚಲಿಲ್ಲ, ಬಾಗಿಲಲ್ಲೇ ನಿಂತ. ನೀನು ಸಾರಿ ಅಂದೆಯಾ ಬ್ರದರ್ ಎಂದು ಕೇಳಿದ. ಅಪ್ಪ ಕಿಟಕಿಗೆ ತಿರುಗಿ ಬೂಟಿನ ಲೇಸು ಬಿಚ್ಚತೊಡಗಿದ. ಅವ್ವ ಚಟ್ನಿಯ ಬಾಟಲಿ ತಂದು ಅವನ ಕೈಗೆ ಕೊಡಲು ಹೋದಳು. ಅವನು ಬೇಡವೆಂದು ತಲೆಯಾಡಿಸಿ ಇಳಿದು ಹೋದ. ಆಮೇಲೆ ಅವನು ನಮ್ಮ ಮನೆಗೆ ಬರಲಿಲ್ಲ.

ಭಾನುವಾರ ಬಂತು. ಈ ವಾರ ಶೇಖರ್ ಮಾಮ ಬರುವುದಿಲ್ಲ, ಬಂದರೆ ಅಪ್ಪ ಮೆಟ್ಟಿಲಿನಿಂದ ಕೆಳಗೆ ದಬ್ಬುತ್ತಾನೆ ಎಂದು ನಾನು ಕಾದಿದ್ದೆ. ಮಾಮ ಬಂದರು, ಕೈಯಲ್ಲಿ ಸಂದೇಶ್ ಮಿಠಾಯಿಯ ಪೊಟ್ಟಣ ಹಿಡಿದು ಬಂದರು. ಮಗಳು ವೀಣಾಗೆ ಸೆಕ್ಟರ್ ಫೈವಿನಲ್ಲಿ ಕೆಲಸವಾಯಿತಂತೆ. ಅವ್ವ ಯಾವ ಕಂಪನಿ ಎಂದು ಕೇಳಿದಳು. ಮಾಮ ಪೊಟ್ಟಣದ ದಾರ ಬಿಚ್ಚುತ್ತಾ ಹೆಸರು ಹೇಳಿದರು. ಆ ಕ್ಲಬ್ಬಿನ ಆಟಗಾರರ ಎದೆಯ ಮೇಲಿದ್ದ ಹೆಸರೇ ಅದು. ಅವ್ವ ಅಡುಗೆಮನೆಯ ಬಾಗಿಲಲ್ಲಿ ನಿಂತಲ್ಲೇ ನಿಂತಳು. ನಾನು ಕುರ್ಚಿಯ ಎದುರಿಗೆ ಹೋಗಿ ನಿಂತೆ.

“ಮಾಮ, ನೀವು ಅಪ್ಪನ ಮಾತು ಯಾಕೆ ಚೇಂಜ್ ಮಾಡಿದ್ರಿ?”

ಮಾಮ ನನ್ನ ಕೆನ್ನೆ ತಟ್ಟಿದರು.

“ಪುಟ್ಟೀ, ನಿಂಗೆ ಕನ್ನಡ ಅಷ್ಟಾಗಿ ಬರಲ್ಲ ಅಲ್ವಾ? ಅದಕ್ಕೇ ಹಾಗನ್ನಿಸಿದೆ. ದೊಡ್ಡವಳಾದ ಮೇಲೆ ಅರ್ಥ ಆಗುತ್ತೆ ಬಿಡು.”

ನಾನು ಅಪ್ಪನನ್ನು ನೋಡಿದೆ. ಅವನು ಒಂದು ಮಾತು ಆಡಿದರೆ ಸಾಕಿತ್ತು. ಅಪ್ಪ ಬಾಳೆಎಲೆ ಹಾಸಿದ.

“ಅನ್ನ ಆರ್ತೈತಿ. ಉಣ್ರಿ ಸಾಹೇಬ್ರ.”

ಮಾಮ ಉಂಡರು. ಎರಡನೇ ಸಲ ಹುಳಿ ಹಾಕಿಸಿಕೊಂಡರು. ಕಚೇರಿಯ ಬಡ್ತಿ, ವರ್ಗಾವಣೆಯ ಮಾತಾಡಿದರು. ಅಪ್ಪ ಹೂಂಗುಟ್ಟಿದ. ಅವರು ಹೋಗುವವರೆಗೂ ನಾನು ಒಳಕೋಣೆಯಲ್ಲಿ ಹಾಸಿಗೆಯ ಸುರುಳಿಗೆ ಮುಖ ಒತ್ತಿ ಕೂತಿದ್ದೆ. ಆಮೇಲೆ ಅಪ್ಪ ಬಂದು ಪಕ್ಕದಲ್ಲಿ ಕೂತ. ನಾನು ಸುಳ್ಳು ಹೇಳಿಲ್ಲ, ನನಗೆ ಕನ್ನಡ ಬರುತ್ತದೆ ಎಂದು ಬಿಕ್ಕಿದೆ. ಅಪ್ಪ ನನ್ನ ಬೆನ್ನ ಮೇಲೆ ಕೈ ಇಟ್ಟ.

“ಗೊತ್ತೈತಿ.”

“ಏನು ಗೊತ್ತು?”

“ಆತ ಏನು ಹೇಳಿದ ಅಂತ ನನಗ ಅಲ್ಲೇ ತಿಳೀತು. ಇಷ್ಟು ವರ್ಷ ಕೋಚ್‌ಗಳ ಇಂಗ್ಲಿಷ್ ಕೇಳೇನಿ, ಅಷ್ಟು ತಿಳೀದೇನು?”

ನಾನು ಅವನ ಕೈಯನ್ನು ಬೆನ್ನಿನಿಂದ ತಳ್ಳಿದೆ. ಹಾಗಾದರೆ ನನಗೆ ಬಾಯಿ ಮುಚ್ಚು ಎಂದದ್ದು ಯಾಕೆ, ಬಸ್ಸಿನಲ್ಲಿ ನಿನಗೆ ತಿಳಿಯುವುದಿಲ್ಲ ಎಂದದ್ದು ಯಾಕೆ? ಇದನ್ನು ನಾನು ಕೇಳಿದೆನೋ ಬರೀ ಅತ್ತೆನೋ ನೆನಪಿಲ್ಲ. ಮಾಮನ ಮೇಲೆ ಬಂದದ್ದು ಸಿಟ್ಟು. ಅಪ್ಪನ ಮೇಲೆ ಬಂದದ್ದಕ್ಕೆ ಹೆಸರು ನನಗೆ ಇವತ್ತಿಗೂ ಸಿಕ್ಕಿಲ್ಲ. ಮೈದಾನದ ನಡುವೆ ಅಷ್ಟು ಜನರ ಮುಂದೆ ಒಬ್ಬನೇ ಕೂತವನು ಒಂದು ಕೋಣೆಯಲ್ಲಿ ಒಬ್ಬ ಮನುಷ್ಯನ ಮುಂದೆ ನನ್ನನ್ನು ಬಿಟ್ಟುಕೊಟ್ಟಿದ್ದ.

“ಅಲ್ಲೇ ಸುಳ್ಳ ಅಂದಿದ್ರ ಆತ ಹೋಗಿಬಿಡ್ತಿದ್ದ,” ಎಂದ ಅಪ್ಪ. “ಆತನೂ ಹೋದ್ರ ಈ ಊರಾಗ ನಮ್ಮೋರು ಅನ್ನಾಕ ಯಾರದಾರ ಮಗಾ?”

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು.

“ಜೋಸೆಫ ಇದ್ದ,” ಎಂದಳು ಅವ್ವ. “ಈಕಿ ಇದ್ಲು.”

ಅಂದಿನಿಂದ ಅಪ್ಪ ಕನ್ನಡದಲ್ಲಿ ಕೇಳಿದ್ದಕ್ಕೆಲ್ಲ ನಾನು ಹಿಂದಿಯಲ್ಲಿ ಉತ್ತರ ಕೊಡತೊಡಗಿದೆ. ಯಾಕೆಂದು ಅವನು ಕೇಳಲಿಲ್ಲ.